ಪರದೆ ಮುಚ್ಚಬೇಡಿ, ಪಕ್ಕದವರಿಗೆ ತೋರಿಸಿ

ರಾಯಚೂರು, ಹಾವೇರಿ, ಕೊಳ್ಳೇಗಾಲದಿಂದ ಬೆಂಗಳೂರಿನ ಬಸ್ಸು ಹತ್ತಿ ಬಂದು, ಪಿಜಿಯಲ್ಲಿ ಬ್ಯಾಗು ಇಳಿಸಿ, ಕೋಡಿಂಗ್ ಕೋರ್ಸಿಗೆ ಸೇರಿದ ಗೆಳೆಯ ಗೆಳತಿಯರೇ, ಮೊದಲ ವಾರದಲ್ಲೇ ಈ ಮಾತು ಕೇಳಿಸಿಕೊಳ್ಳಿ: ಇಲ್ಲಿ ಒಬ್ಬರೇ ಕಲಿಯಲು ಹೋಗಬೇಡಿ.

ಈ ಕೋರ್ಸಿನ ಓಟ ಕಾಲೇಜಿನದ್ದಲ್ಲ. ಜಾವಾಸ್ಕ್ರಿಪ್ಟ್ ಅರಗುವ ಮೊದಲೇ ಡೇಟಾಬೇಸ್ ಬಂದು ನಿಂತಿರುತ್ತದೆ. ಬಿಕಾಂ ಮುಗಿಸಿದವರಿಗೂ ಮೆಕ್ಯಾನಿಕಲ್ ಓದಿದವರಿಗೂ ಒಂದೇ ಪಾಠ. ಪೈಥಾನ್‌ನಲ್ಲಿ ಸಾಲಿನ ಮುಂದೆ ಒಂದು ಸ್ಪೇಸ್ ಹೆಚ್ಚಾದರೂ ಸಾಕು, ಎರರ್! ಕನ್ನಡ ಮಾಧ್ಯಮದಲ್ಲಿ ಓದಿದ ಹುಡುಗಿ ಆಗ ಮೊದಲು ಅನುಮಾನಿಸುವುದು ತನ್ನ ಬುದ್ಧಿಯನ್ನೇ. ಲ್ಯಾಪ್‌ಟಾಪನ್ನು ಅರ್ಧ ಮಡಚಿ, ಯಾರಿಗೂ ಕಾಣದಂತೆ ಕೂರುತ್ತಾಳೆ. ಕಂಡಾಗಲೆಲ್ಲ ಕರುಳು ಚುರ್ ಎನ್ನುತ್ತದೆ. ಒಂದು ಸ್ಪೇಸ್ ಕಣಮ್ಮ, ಅಷ್ಟೇ! ತೋರಿಸು, ಪಕ್ಕದವನ ಕಣ್ಣಿಗೆ ತಟ್ಟನೆ ಬಿದ್ದೀತು.

ಹೀಗೆ ಒಬ್ಬರಿಗೊಬ್ಬರು ತೋರಿಸಿ ಕಲಿಯುವುದು ಹೊಸದೇನಲ್ಲ. 1945ರಲ್ಲಿ ಅಮೆರಿಕದಲ್ಲಿ ಎನಿಯಾಕ್ ಎಂಬ ದೈತ್ಯ ಗಣಕಕ್ಕೆ ಪ್ರೋಗ್ರಾಂ ಸಿದ್ಧಪಡಿಸಲು ಆರು ಯುವತಿಯರನ್ನು ಆರಿಸಿದರು. ಓದಿಕೊಳ್ಳಲು ಕೈಪಿಡಿಯೇ ಇರಲಿಲ್ಲ. ಸಿಕ್ಕಿದ್ದು ಯಂತ್ರದ ನಕ್ಷೆಗಳು ಮಾತ್ರ. ಅವನ್ನು ಹರಡಿಕೊಂಡು, ಒಬ್ಬರಿಗೆ ತಿಳಿದದ್ದನ್ನು ಇನ್ನೊಬ್ಬರಿಗೆ ಬಿಡಿಸಿ ಹೇಳುತ್ತ ಕಲಿತರು. ಫಿರಂಗಿ ಗುಂಡಿನ ಹಾದಿಯ ಲೆಕ್ಕವನ್ನು 1946ರ ಫೆಬ್ರವರಿಯ ಪ್ರದರ್ಶನಕ್ಕೆ ಅಣಿಗೊಳಿಸಿದ್ದು ಆ ಆರು ಮಂದಿಯಲ್ಲಿನ ಬೆಟ್ಟಿ ಸ್ನೈಡರ್, ಬೆಟ್ಟಿ ಜೆನಿಂಗ್ಸ್ ಜೋಡಿ. ಹಿಂದಿನ ಸಂಜೆಯೂ ಒಂದು ತಪ್ಪು ಕಾಡುತ್ತಿತ್ತು: ಗುಂಡು ನೆಲ ಮುಟ್ಟಿದರೂ ಲೆಕ್ಕ ನಿಲ್ಲುತ್ತಿರಲಿಲ್ಲ. ಯಾವ ಸ್ವಿಚ್ಚು ಬದಲಿಸಬೇಕೆಂದು ಸ್ನೈಡರ್‌ಗೆ ಹೊಳೆದದ್ದು ಮಲಗಿದ ಮೇಲೆ, ನಿದ್ದೆಯಲ್ಲಿ! ಹಗಲೆಲ್ಲ ಇಬ್ಬರೂ ಕೂಡಿ ತಲೆ ಕೆಡಿಸಿಕೊಂಡಿದ್ದರಿಂದಲೇ ಅದು ಹೊಳೆಯಿತೆಂದು ನಾನು ನಂಬುತ್ತೇನೆ.

ನೀವೂ ಜೋಡಿಯಾಗಿ ಕೂರಿ. ಒಬ್ಬರು ಟೈಪ್ ಮಾಡಲಿ, ಇನ್ನೊಬ್ಬರು ಪ್ರತಿ ಸಾಲಿಗೂ "ಇದು ಯಾಕೆ?" ಎಂದು ಕೇಳಲಿ, ಆಮೇಲೆ ಜಾಗ ಬದಲಿಸಿ. ಕನ್ನಡದಲ್ಲೇ ವಿವರಿಸಿ. ಲೂಪು ಯಾವ ಭಾಷೆಯಲ್ಲಿ ಅರ್ಥವಾದರೂ ಸುತ್ತುತ್ತದೆ. ಲೆಕ್ಕಪತ್ರ ಬಲ್ಲ ಬಿಕಾಂ ಗೆಳೆಯನಿಗೆ ಡೇಟಾಬೇಸಿನ ಟೇಬಲ್ಲು ನಿಮಗಿಂತ ಬೇಗ ಹತ್ತಬಹುದು, ಸಂಕೋಚ ಬಿಟ್ಟು ಹೇಳಿಸಿಕೊಳ್ಳಿ.

ಮುಂದೆ ಪ್ರಾಜೆಕ್ಟ್ ಬರುತ್ತದೆ, ಜಗಳವೂ ಬರುತ್ತದೆ. ಸಾವಿರಾರು ಮಂದಿ ಕೂಡಿ ಬರೆಯುವ ಲಿನಕ್ಸ್‌ಗಾಗಿ ಲಿನಸ್ ಟೊರ್ವಾಲ್ಡ್ಸ್ 2005ರಲ್ಲಿ ಕಟ್ಟಿದ, ಎಲ್ಲರ ಕೋಡನ್ನು ಒಂದುಗೂಡಿಸುವ ಗಿಟ್ ಕೂಡ, ಇಬ್ಬರು ಒಂದೇ ಸಾಲನ್ನು ಬೇರೆ ಬೇರೆಯಾಗಿ ತಿದ್ದಿದರೆ ಕೈಚೆಲ್ಲಿ ನಿಲ್ಲುತ್ತದೆ. ಯಾವುದು ಉಳಿಯಬೇಕೆಂದು ನೀವಿಬ್ಬರೇ ಕೂತು ಮಾತಾಡಬೇಕು. ಆ ಮಾತಿನ ಸಲುಗೆ ಇಂದೇ ಬೆಳೆಯಲಿ. ಸಂಜೆ ಕ್ಲಾಸು ಬಿಟ್ಟೊಡನೆ ಪಿಜಿಗೆ ಓಡಬೇಡಿ. ಪಕ್ಕದವರ ಊರು ಕೇಳಿ, ಚಹಾಕ್ಕೆ ಕರೆಯಿರಿ, ಲ್ಯಾಪ್‌ಟಾಪನ್ನೂ ಜೊತೆಗೆ ಒಯ್ಯಿರಿ.