ಗಾಯ ಹೇಗಾಯಿತು ಎಂಬ ಒಂದು ಸಾಲು



2022ರಲ್ಲಿ ಭಾರತದ ರಸ್ತೆಗಳಲ್ಲಿ 1,68,491 ಜನ ಸತ್ತರು ಎಂದು ಕೇಂದ್ರ ರಸ್ತೆ ಸಾರಿಗೆ ಸಚಿವಾಲಯದ ವರದಿ ಹೇಳುತ್ತದೆ. ಆ ಲೆಕ್ಕ ಬಂದದ್ದು ಪೊಲೀಸ್ ಠಾಣೆಗಳಿಂದ, ಆಸ್ಪತ್ರೆಗಳಿಂದಲ್ಲ. ಗಾಯಾಳುವಿನ ಬಟ್ಟೆ ಕತ್ತರಿಸಿ ಗಾಯ ನೋಡುವವರು ನಾವು. ಎತ್ತಿಕೊಂಡು ಬಂದವರನ್ನು ‘ಏನಾಯಿತಪ್ಪ’ ಎಂದು ಮೊದಲು ಕೇಳುವವರೂ ನಾವೇ. ಆದರೂ ನಮ್ಮ ದಾಖಲೆಗಳಿಂದ ಇಂಥ ಲೆಕ್ಕ ಹೊರಡುತ್ತಿಲ್ಲ. ಕಾರಣ ತಂತ್ರಾಂಶದಲ್ಲಿಲ್ಲ, ಸಿಬ್ಬಂದಿಯ ಕೊರತೆಯಲ್ಲೂ ಪೂರ್ತಿಯಾಗಿ ಇಲ್ಲ. ಕೇಸ್‌ಶೀಟಿನಲ್ಲಿ ‘ಆರ್‌ಟಿಎ’ (ರಸ್ತೆ ಸಂಚಾರ ಅಪಘಾತ) ಎಂದು ಬರೆದು ಕೈತೊಳೆದುಕೊಳ್ಳುವ ನಮ್ಮ ಅಭ್ಯಾಸದಲ್ಲಿದೆ. ಇವತ್ತು ನಾನು ಮಾತಾಡಬೇಕಾದದ್ದು ಈ ಅಭ್ಯಾಸದ ಬಗ್ಗೆಯೇ.

ದೇಹಕ್ಕೆ ಏನಾಯಿತು ಎಂಬ ಕೋಡ್ ಹಾಕುವುದರಲ್ಲಿ ನಾವು ಹಿಂದೆ ಬಿದ್ದಿಲ್ಲ. ತೊಡೆಯ ಮೂಳೆ ಮುರಿದರೆ ಎಸ್72, ತಲೆಬುರುಡೆಯೊಳಗೆ ಪೆಟ್ಟಾದರೆ ಎಸ್06. ವಿಮೆಯವರು ಕೇಳುತ್ತಾರೆ, ಹಾಗಾಗಿ ಬರೆಯುತ್ತೇವೆ. ಗಾಯ ಹೇಗಾಯಿತು ಎಂಬ ಎರಡನೆಯ ಕೋಡನ್ನು ಯಾರೂ ಪಟ್ಟುಹಿಡಿದು ಕೇಳುವುದಿಲ್ಲ. ಆದರೆ ಅಪಘಾತ ತಡೆಯುವವರಿಗೆ ಬೇಕಾದದ್ದು ಆ ಎರಡನೆಯದೇ.

ರೋಗಗಳ ಅಂತರರಾಷ್ಟ್ರೀಯ ವರ್ಗೀಕರಣವಾದ ಐಸಿಡಿ-10ರಲ್ಲಿ ಸಾರಿಗೆ ಅಪಘಾತಗಳಿಗೆ ವಿ01ರಿಂದ ವಿ99ರವರೆಗೆ ಜಾಗವಿದೆ. ಪುಸ್ತಕ ತೆರೆದರೆ ಕಂಗೆಡಿಸುವಷ್ಟು ಉದ್ದದ ಪಟ್ಟಿ. ಅದರೊಳಗಿನ ಕಟ್ಟು ಮಾತ್ರ ಸೊಗಸಾಗಿದೆ, ಒಮ್ಮೆ ಹಿಡಿತಕ್ಕೆ ಸಿಕ್ಕರೆ ಮರೆಯುವುದಿಲ್ಲ. ಮೊದಲ ಅಂಕಿ ಗಾಯಗೊಂಡವರು ಯಾರೆಂದು ಹೇಳುತ್ತದೆ: ಸೊನ್ನೆ ಎಂದರೆ ನಡೆದು ಹೋಗುತ್ತಿದ್ದವರು, ಒಂದು ಸೈಕಲ್ ಸವಾರರು, ಎರಡು ಬೈಕಿನವರು, ಮೂರು ಆಟೋದಲ್ಲಿದ್ದವರು, ನಾಲ್ಕು ಕಾರಿನವರು, ಆರು ಲಾರಿಯವರು, ಏಳು ಬಸ್ಸಿನವರು. ಎರಡನೆಯ ಅಂಕಿ ಯಾವುದಕ್ಕೆ ಡಿಕ್ಕಿಯಾಯಿತು ಎಂದು ಹೇಳುತ್ತದೆ. ಬೈಕ್ ಲಾರಿಗೆ ಬಡಿದರೆ ವಿ24. ಡಿವೈಡರಿಗೆ ಬಡಿದರೆ ವಿ27. ಅಡ್ಡ ಬಂದ ನಾಯಿಗೋ ಹಸುವಿಗೋ ಗುದ್ದಿದರೆ ವಿ20. ಯಾವುದಕ್ಕೂ ತಾಗದೆ ಜಾರಿ ಬಿದ್ದರೆ ವಿ28. ನಮ್ಮ ಕಬ್ಬಿನ ಸೀಮೆಯ ಟ್ರ್ಯಾಕ್ಟರಿಗೂ ಎತ್ತಿನ ಗಾಡಿಗೂ ಜಾಗ ಉಂಟು: ಟ್ರ್ಯಾಕ್ಟರಿನಲ್ಲಿದ್ದವರು ವಿ84, ಗಾಡಿಯಲ್ಲಿದ್ದವರು ವಿ80. ಓಡಿಸುತ್ತಿದ್ದವರೋ ಹಿಂದೆ ಕೂತಿದ್ದವರೋ ಎಂಬುದು ಚುಕ್ಕೆಯ ನಂತರದ ಅಂಕಿಯಲ್ಲಿ ಬರುತ್ತದೆ.

ಈಗ ಕ್ಯಾಶುಯಾಲಿಟಿಗೆ ಬರೋಣ. ಬೈಕಿನ ಹಿಂದೆ ಒಂದೇ ಕಡೆ ಕಾಲು ಹಾಕಿ ಕೂತಿದ್ದ ಹೆಂಗಸು, ಬಣ್ಣ ಬಳಿಯದ ಹಂಪಿನ ಮೇಲೆ ಬೈಕ್ ಹಾರಿದಾಗ ಬಿದ್ದು ತಲೆಗೆ ಏಟು ಮಾಡಿಕೊಂಡಿದ್ದಾರೆ. ‘ಬೈಕಿನ ಹಿಂದೆ ಕೂತಿದ್ದರು, ಹಂಪಿನ ಮೇಲೆ ಹಾರಿ ರಸ್ತೆಗೆ ಬಿದ್ದರು, ಬೇರೆ ವಾಹನ ತಾಗಿಲ್ಲ’ ಎಂದು ಬರೆದರೆ ಕೋಡ್ ವಿ28.5. ‘ಆರ್‌ಟಿಎ’ ಎಂದಷ್ಟೇ ಬರೆದರೆ ವಿ89.2, ಅಂದರೆ ಯಾವುದೋ ಮೋಟಾರು ವಾಹನದ ಅಪಘಾತ. ಮೊದಲನೆಯದು ನೂರಾರು ಸಲ ಬಂದರೆ ತಾಲ್ಲೂಕಿನ ಎಂಜಿನಿಯರ ಮುಂದೆ ಇಟ್ಟು ಹಂಪುಗಳ ಬಗ್ಗೆ ಕೇಳಬಹುದು. ಎರಡನೆಯದು ಲಕ್ಷ ಸಲ ಬಂದರೂ ಯಾರನ್ನೂ ಏನನ್ನೂ ಕೇಳಲಾಗದು.

ವೈದ್ಯರು ಕಡಿಮೆ ಬರೆಯುವುದಕ್ಕೆ ಪುರುಸೊತ್ತಿಲ್ಲದಿರುವುದು ಒಂದು ಕಾರಣ, ಕೋರ್ಟಿನ ಭಯ ಇನ್ನೊಂದು. ಎಂಎಲ್‌ಸಿ (ವೈದ್ಯಕೀಯ-ಕಾನೂನು ಪ್ರಕರಣ) ಆದ ಮೇಲೆ ಗಾಯದ ಪ್ರಮಾಣಪತ್ರ ಮೋಟಾರು ಅಪಘಾತ ಪರಿಹಾರ ನ್ಯಾಯಮಂಡಳಿಯವರೆಗೂ ಹೋಗುತ್ತದೆ. ತಾನಾಗಿ ಬಿದ್ದದ್ದೋ ಇನ್ನೊಂದು ವಾಹನ ಹೊಡೆದದ್ದೋ ಎಂಬುದರ ಮೇಲೆ ಪರಿಹಾರ ನಿಂತಿರುತ್ತದೆ. ಭಯ ನ್ಯಾಯವಾದದ್ದೇ. ಆದರೆ ಅದಕ್ಕೆ ಮದ್ದು ಕಡಿಮೆ ಬರೆಯುವುದಲ್ಲ. ಹೇಳಿದ್ದನ್ನು ಹೇಳಿದಂತೆ ಬರೆದು, ಹೇಳಿದವರು ಯಾರು ಎಂದೂ ಬರೆಯುವುದು. ತೀರ್ಪು ಕೊಡುವ ಹೊಣೆ ನಮ್ಮದಲ್ಲ.

ರೈಲಿನ ವಿಷಯದಲ್ಲಿ ಈ ಎಚ್ಚರ ಇನ್ನೂ ಹೆಚ್ಚು ಬೇಕು. ಐಸಿಡಿ-10ರ ಆ ಕೋಷ್ಟಕದಲ್ಲಿ ಎರಡನೆಯ ಅಂಕಿ ಐದು ಎಂದರೆ ರೈಲು. ಹಳಿ ದಾಟುವಾಗ ಸಿಕ್ಕವರು ವಿ05, ಗೇಟಿನಲ್ಲಿ ಬೈಕಿನವರು ವಿ25, ಆಟೋದವರು ವಿ35, ಬಸ್ಸಿನವರು ವಿ75. ರೈಲಿನೊಳಗಿದ್ದವರದು ಬೇರೆ ಗುಂಪು, ವಿ81. ಹತ್ತುವಾಗ ಇಳಿಯುವಾಗ ಆದದ್ದು ವಿ81.4, ರೈಲಿನಿಂದ ಬಿದ್ದದ್ದು ವಿ81.6. ಬ್ರಾಡ್‌ಗೇಜ್ ಮಾರ್ಗಗಳ ಕಾವಲಿಲ್ಲದ ಗೇಟುಗಳನ್ನು 2019ರ ಜನವರಿಯ ಹೊತ್ತಿಗೆ ಇಲ್ಲವಾಗಿಸಿದರು. ಅದರಿಂದ ಎಷ್ಟು ಜೀವ ಉಳಿಯಿತೆಂದು ವಿ25, ವಿ35ಗಳ ಇಳಿಕೆಯಲ್ಲಿ ತೋರಿಸುವ ಕೆಲಸ ನಮ್ಮ ಆಸ್ಪತ್ರೆಗಳದ್ದಾಗಬೇಕಿತ್ತು.

ಹಳಿಯ ಮೇಲೆ ಸಿಕ್ಕ ದೇಹ ಬಂದಾಗ ‘ರೈಲಿಗೆ ತಲೆಕೊಟ್ಟರು’ ಎಂದು ಜೊತೆಗೆ ಬಂದವರು ಹೇಳಿಬಿಡುತ್ತಾರೆ. ಬೇಕೆಂದೇ ಮಾಡಿಕೊಂಡದ್ದಾದರೆ ಎಕ್ಸ್81, ಆಕಸ್ಮಿಕವೋ ಅಲ್ಲವೋ ನಿರ್ಧಾರವಾಗದಿದ್ದರೆ ವೈ31. ವೈ31 ಇರುವುದೇ ಇಂಥ ಸಂದರ್ಭಕ್ಕಾಗಿ, ಅದನ್ನು ಬಳಸಲು ಹಿಂಜರಿಯಬೇಡಿ. 1989ರ ರೈಲ್ವೆ ಕಾಯ್ದೆಯ 124ಎ ಕಲಮಿನಡಿ ರೈಲಿನಿಂದ ಆಕಸ್ಮಿಕವಾಗಿ ಬಿದ್ದು ಸತ್ತ ಪ್ರಯಾಣಿಕರ ಕುಟುಂಬಕ್ಕೆ ಪರಿಹಾರವಿದೆ, 2017ರಿಂದ ಅದು 8 ಲಕ್ಷ ರೂಪಾಯಿ. ಆತ್ಮಹತ್ಯೆಯಾದರೆ ಇಲ್ಲ. ಯಾರದೋ ಊಹೆಯನ್ನು ನಾವು ನಿಜವೆಂಬಂತೆ ಬರೆದರೆ ಆ ಹಾಳೆ ಒಂದು ಮನೆಯ ಅನ್ನಕ್ಕೆ ಅಡ್ಡ ಬರಬಹುದು.

ಮರಣ ಕಾರಣದ ಪ್ರಮಾಣಪತ್ರ, ನಮೂನೆ 4, ನನ್ನನ್ನು ಬಹಳ ಕಾಡುವ ಕಾಗದ. ಬೈಕ್ ಅಪಘಾತದಲ್ಲಿ ಬೆನ್ನುಹುರಿಗೆ ಪೆಟ್ಟಾದ ಹುಡುಗ ಮೂರು ತಿಂಗಳು ಮಲಗಿ, ಹಾಸಿಗೆ ಹುಣ್ಣಾಗಿ, ಸೆಪ್ಸಿಸ್‌ನಿಂದ ಸಾಯುತ್ತಾನೆ. ಪ್ರಮಾಣಪತ್ರದಲ್ಲಿ ಸೆಪ್ಸಿಸ್ ಎಂದಷ್ಟೇ ಇರುತ್ತದೆ. ಮೂಲ ಕಾರಣ ಎಂದರೆ ಸಾವಿನ ಸರಪಳಿಯನ್ನು ಶುರುಮಾಡಿದ ಕಾಯಿಲೆ ಅಥವಾ ಗಾಯ, ಇಲ್ಲವೇ ಮಾರಕ ಗಾಯ ಮಾಡಿದ ಅಪಘಾತದ ಸಂದರ್ಭ. ವಿಶ್ವ ಆರೋಗ್ಯ ಸಂಸ್ಥೆಯ ವ್ಯಾಖ್ಯೆ ಇದು. ಆ ಹುಡುಗನನ್ನು ಕೊಂದದ್ದು ರಸ್ತೆ. ವರ್ಷ ಕಳೆದ ಮೇಲೆ ಸತ್ತರೂ ಅದರ ಶೇಷಪರಿಣಾಮವೆಂದು ಗುರುತಿಸಲು ವೈ85 ಇದೆ.

2022ರ ಜನವರಿಯಿಂದ ಐಸಿಡಿ-11 ಜಾರಿಯಲ್ಲಿದೆ, ಹೆಚ್ಚಿನ ವಿವರ ಸೇರಿಸಲು ಅದರಲ್ಲಿ ವಿಸ್ತರಣಾ ಕೋಡ್‌ಗಳಿವೆ. ಅದರ ಬಗ್ಗೆ ಮುಂದಿನ ಗೋಷ್ಠಿಯಿದೆ. ನಾನು ಹೇಳುವುದಿಷ್ಟು: ಕೇಸ್‌ಶೀಟಿನಲ್ಲಿ ವಿವರವಿಲ್ಲದಿದ್ದರೆ ಯಾವ ಆವೃತ್ತಿಯೂ ಅದನ್ನು ಹುಟ್ಟಿಸಿಕೊಡುವುದಿಲ್ಲ.

ಆಸ್ಪತ್ರೆಗಳ ಆಡಳಿತದವರಲ್ಲಿ ಒಂದು ಬೇಡಿಕೆ. ಬರೀ ‘ಆರ್‌ಟಿಎ’ ಎಂದಿರುವ ಕೇಸ್‌ಶೀಟನ್ನು ವೈದ್ಯರಿಗೆ ವಾಪಸು ಕಳಿಸುವ ಅಧಿಕಾರವನ್ನು ಕೋಡಿಂಗ್ ಸಿಬ್ಬಂದಿಗೆ ಲಿಖಿತವಾಗಿ ಕೊಡಿ. ಕೆಳಗಿನ ಹುದ್ದೆಯವರು ಡಾಕ್ಟರನ್ನು ಪ್ರಶ್ನಿಸುವುದು ನಮ್ಮಲ್ಲಿ ಸುಲಭವಲ್ಲ. ಮೇಲಿನವರ ಬೆಂಬಲವಿಲ್ಲದೆ ಅದು ನಡೆಯದು.

ಮಧ್ಯಾಹ್ನ ಗುಂಪುಗಳಾಗಿ ಕೂತು, ಹೆಸರು ಅಳಿಸಿದ ಕೇಸ್‌ಶೀಟುಗಳಿಗೆ ಕೋಡ್ ಹಾಕುವುದಿದೆ. ಕೋಡ್ ಕೂರದ ಹಾಳೆಗಳನ್ನು ಪಕ್ಕಕ್ಕಿಡಬೇಡಿ. ಕ್ಯಾಶುಯಾಲಿಟಿಯಲ್ಲಿ ಯಾವ ಪ್ರಶ್ನೆ ಕೇಳಿದ್ದರೆ ಕೋಡ್ ಸಿಗುತ್ತಿತ್ತು ಎಂದು ಅಂಚಿನಲ್ಲಿ ಬರೆಯಿರಿ. ಆ ಪ್ರಶ್ನೆಗಳನ್ನು ಒಟ್ಟುಮಾಡಿ, ರಾತ್ರಿ ಪಾಳಿಯ ನರ್ಸ್ ಕೂಡ ನಿಂತಲ್ಲೇ ತುಂಬಬಹುದಾದ ಅರ್ಧ ಪುಟದ ನಮೂನೆಯೊಂದನ್ನು ಸಂಜೆಯೊಳಗೆ ಸಿದ್ಧಮಾಡೋಣ.