ರೋಸ್‌ಮೇರಿ ಎಂಬ ಹೆಸರು

(ಶತಮಾನೋತ್ಸವದ ಅಂಗವಾಗಿ ಏರ್ಪಟ್ಟ ಕುಟುಂಬ ಸಮಾವೇಶದಲ್ಲಿ ಮಾಡಿದ ಭಾಷಣದ ಬರಹ ರೂಪ)



‘ನಮ್ಮ ಹೆಸರುಗಳು’ ಎಂಬ ವಿಷಯವಾಗಿ ನಾಲ್ಕು ಮಾತು ಆಡಬೇಕೆಂದು ಸಮಿತಿಯವರು ಅಪ್ಪಣೆ ಮಾಡಿದಾಗ ನಾನು ಹಿಂಜರಿದೆ. ನೂರು ವರ್ಷಗಳ ಜ್ಞಾನಸ್ನಾನದ ದಾಖಲೆ ಪುಸ್ತಕಗಳಲ್ಲಿರುವ ಹೆಸರುಗಳನ್ನೆಲ್ಲ ವಿವರಿಸಹೊರಟರೆ ಮುಂದಿನ ಶತಮಾನೋತ್ಸವವೇ ಬಂದೀತು. ಆದಕಾರಣ ಒಂದೇ ಒಂದು ಹೆಸರನ್ನು ಆರಿಸಿಕೊಂಡಿದ್ದೇನೆ. ಅದು ರೋಸ್‌ಮೇರಿ. ಇದನ್ನೇ ಆರಿಸಿಕೊಂಡುದಕ್ಕೆ ಕಾರಣವುಂಟು. ಆ ಕಾರಣ ನಾನು ಹೆಮ್ಮೆಪಡುವಂಥದ್ದಲ್ಲ.

ನನ್ನ ಅಕ್ಕನ ಹೆಸರು ರೋಸ್‌ಮೇರಿ. ಜ್ಞಾನಸ್ನಾನ ಕೊಟ್ಟ ಗುರುಗಳು ಅಂದಿನ ಪದ್ಧತಿಯಂತೆ ಲತೀನಿನಲ್ಲಿ ‘ರೋಸಾ ಮರಿಯಾ’ ಎಂದು ಬರೆದರು. ಶಾಲೆಯ ಹಾಜರಿ ಪುಸ್ತಕದಲ್ಲಿ ಅದು ‘ರೋಸ್‌ಮೇರಿ’ ಆಯಿತು. ಮನೆಯಲ್ಲಿ, ಬೀದಿಯಲ್ಲಿ, ಬಾವಿಕಟ್ಟೆಯ ಬಳಿಯಲ್ಲಿ ಆಕೆ ಎಲ್ಲರಿಗೂ ರೋಸಮ್ಮ. ಒಂದು ಕ್ರಿಸ್ಮಸ್ ರಜೆಯಲ್ಲಿ ಆಕೆಯ ಮೊಮ್ಮಗಳು, ಶಾಲೆಯಲ್ಲಿ ಬರೆದು ತರಲು ಹೇಳಿದ್ದರಂತೆ, ನೋಟುಪುಸ್ತಕ ಹಿಡಿದು ಬಂದು, “ಅಜ್ಜಿ, ನಿನ್ನ ಹೆಸರಿಗೆ ಅರ್ಥ ಏನು?” ಎಂದು ಕೇಳಿದಳು. ಅವರೆಕಾಯಿ ಸುಲಿಯುತ್ತಿದ್ದ ಅಕ್ಕ ತಲೆಯೆತ್ತಿ, “ರೋಸ್ ಅಂದರೆ ರೋಜಾ ಹೂವು, ಮೇರಿ ಅಂದರೆ ಮರಿಯ ಮಾತೆ. ಮಾತೆಗೆ ಇಟ್ಟ ಹೂವು ಅಂತ ಬರೆದುಕೋ ಮಗಳೇ” ಎಂದಳು.

ನಾನು ಅಲ್ಲಿಗೆ ಸುಮ್ಮನಿರಬೇಕಾಗಿತ್ತು. ಬಾಲ್ಯದಲ್ಲಿ ಗುರುಮಠದಲ್ಲಿ ಮೂರು ವರ್ಷ ಲತೀನ್ ಕಲಿತು, ಕರೆ ನನ್ನದಲ್ಲವೆಂದು ಹಿಂತಿರುಗಿ ಬಂದವನು ನಾನು. ಕರೆ ಹೋದರೂ ಕಲಿತ ಗರ್ವ ಹೋಗಿರಲಿಲ್ಲ. “ಹೂವೂ ಅಲ್ಲ, ಮಾತೆಯೂ ಅಲ್ಲ. ಅದು ಅಡಿಗೆಗೆ ಹಾಕುವ ಒಂದು ಸೊಪ್ಪು. ‘ರೋಸ್ ಮರೀನುಸ್’ ಅಂದರೆ ಕಡಲಿನ ಇಬ್ಬನಿ” ಎಂದುಬಿಟ್ಟೆ. ಹುಡುಗಿ ಬರೆದದ್ದನ್ನು ಅಳಿಸಿ ನನ್ನ ಮಾತನ್ನು ಬರೆದುಕೊಂಡಳು. ಅಕ್ಕ, “ಹೌದೇನಪ್ಪ” ಎಂದಷ್ಟೇ ಹೇಳಿ ಮತ್ತೆ ಅವರೆಕಾಯಿಗೆ ಕೈಹಾಕಿದಳು. ಆಕೆ ತೀರಿಕೊಂಡು ಈಗ ಕೆಲವು ವರ್ಷಗಳಾದುವು. ಅಂದು ನಾನು ಹೇಳಿದ್ದು ಸುಳ್ಳಲ್ಲ. ಆದರೆ ನಿಜದಲ್ಲಿ ಅದು ಕಾಲುಭಾಗ ಮಾತ್ರ. ಉಳಿದ ಮುಕ್ಕಾಲನ್ನು ಇಂದು ತಮ್ಮೆಲ್ಲರ ಮುಂದೆ ಹೇಳಿ ತೀರಿಸುತ್ತೇನೆ.

ಮೊದಲು ಆ ಸೊಪ್ಪಿನ ಸಂಗತಿ. ರೋಸ್‌ಮೇರಿ ಎಂಬುದು ಮೆಡಿಟರೇನಿಯನ್ ಕಡಲ ಸುತ್ತಣ ನಾಡುಗಳ ಒಂದು ಪೊದೆ. ಸೂಜಿಯಂಥ ಎಲೆ, ತಿಳಿನೀಲಿಯ ಪುಟ್ಟ ಹೂವು, ಕೈಯಲ್ಲಿ ಹೊಸಕಿದರೆ ತೀಕ್ಷ್ಣವಾದ ಪರಿಮಳ. ನಮ್ಮ ತುಳಸಿ, ಪುದೀನಗಳು ಯಾವ ಕುಟುಂಬವೋ ಇದೂ ಅದೇ ಕುಟುಂಬ. ನಮ್ಮ ನೆರೆಯ ನೀಲಗಿರಿಯಲ್ಲಿಯೂ ಇದನ್ನು ಬೆಳೆಯುತ್ತಾರೆ. ಲತೀನಿನಲ್ಲಿ ‘ರೋಸ್’ ಎಂದರೆ ಇಬ್ಬನಿ, ‘ಮರೀನುಸ್’ ಎಂದರೆ ಕಡಲಿಗೆ ಸೇರಿದ್ದು. ಕಡಲ ಗಾಳಿಯ ತುಂತುರಿನಲ್ಲಿ ನೆನೆದು ಬೆಳೆಯುವುದರಿಂದ ಈ ಹೆಸರು ಬಂತೆಂಬುದು ವಾಡಿಕೆಯ ವಿವರಣೆ. 1753ರಲ್ಲಿ ಲಿನೇಯಸ್ ಪಂಡಿತನು ಇದಕ್ಕೆ ‘ರೋಸ್ಮರೀನುಸ್ ಅಫಿಸಿನಾಲಿಸ್’ ಎಂಬ ಶಾಸ್ತ್ರೀಯ ನಾಮವನ್ನಿಟ್ಟನು. 2017ರಲ್ಲಿ ಸಸ್ಯವಿಜ್ಞಾನಿಗಳು ಇದು ಬೇರೆ ಕುಲವಲ್ಲ, ಸಾಲ್ವಿಯಾ ಕುಲಕ್ಕೇ ಸೇರಬೇಕಾದದ್ದು ಎಂದು ತೋರಿಸಿದ ಮೇಲೆ ‘ಸಾಲ್ವಿಯಾ ರೋಸ್ಮರೀನುಸ್’ ಎಂಬ ಹೆಸರು ಬಳಕೆಗೆ ಬಂದಿದೆ. ಹೆಸರು ತಿದ್ದುವ ಚಪಲ ನನಗೊಬ್ಬನಿಗೇ ಇಲ್ಲವೆಂದು ಸಮಾಧಾನ!

ಇಂಗ್ಲೆಂಡಿನ ಜನ ಮೊದಲು ಇದನ್ನು ಲತೀನಿಗೆ ಹತ್ತಿರವಾಗಿ ‘ರೋಸ್ಮರೀನ್’ ಎಂದೇ ಕರೆಯುತ್ತಿದ್ದರು. ಮಧ್ಯಯುಗದ ಕೊನೆಯ ಹೊತ್ತಿಗೆ ಅದು ‘ರೋಸ್‌ಮೇರಿ’ ಆಯಿತು. ಲತೀನ್ ಅರಿಯದ ರೈತ, ಗೃಹಿಣಿ, ಮಠದ ತೋಟಗಾರ, ಇವರ ಕಿವಿಗೆ ಆ ಸದ್ದಿನಲ್ಲಿ ತಮಗೆ ಪ್ರಿಯವಾದ ಎರಡು ಪದಗಳು ಕೇಳಿಸಿದುವು: ಗುಲಾಬಿ ಹೂವಾದ ರೋಸ್, ದೇವಮಾತೆಯಾದ ಮೇರಿ. ಭಾಷಾಶಾಸ್ತ್ರದಲ್ಲಿ ಇದಕ್ಕೆ ಜನಪದ ನಿರುಕ್ತಿ ಎನ್ನುತ್ತಾರೆ. ನಮ್ಮಲ್ಲಿ ಇದು ಹೊಸದೇನೂ ಅಲ್ಲ. ಹೊಯ್ಸಳ ಬಲ್ಲಾಳರಾಯನಿಗೆ ಮುದುಕಿ ಬೆಂದ ಕಾಳು ಕೊಟ್ಟಳು, ಅದರಿಂದ ಬೆಂದಕಾಳೂರು ಆಯಿತು ಎಂಬ ಕಥೆಯನ್ನು ನಾವೆಲ್ಲ ಶಾಲೆಯಲ್ಲಿ ಓದಿದವರೇ. ಆದರೆ ಬಲ್ಲಾಳರಾಯನಿಗಿಂತ ಬಹು ಹಿಂದೆಯೇ, ಸುಮಾರು 900ನೆಯ ಇಸವಿಯ ಬೇಗೂರಿನ ಶಾಸನದಲ್ಲಿ ಬೆಂಗಳೂರಿನ ಹೆಸರು ಇದೆ. ಹಾಗೆಂದು ಆ ಮುದುಕಿಯ ಕಥೆಯನ್ನು ಯಾರಾದರೂ ಬಿಟ್ಟರೇ?

ಗಿಡಕ್ಕೆ ಮಾತೆಯ ಹೆಸರು ಸೇರಿದ ಮೇಲೆ ಕಥೆಗಳೂ ಸೇರಿಕೊಂಡುವು. ಹೆರೋದನ ಭಯದಿಂದ ತಿರುಕುಟುಂಬವು ಈಜಿಪ್ಟಿಗೆ ಓಡಿಹೋಗುವಾಗ ಮಾತೆಯು ತನ್ನ ನೀಲಿ ಮೇಲುವಸ್ತ್ರವನ್ನು ಈ ಪೊದೆಯ ಮೇಲೆ ಹರವಿದಳೆಂದೂ ಅದುವರೆಗೆ ಬಿಳಿಯದಾಗಿದ್ದ ಹೂವು ಅಂದಿನಿಂದ ನೀಲಿಯಾಯಿತೆಂದೂ ಯೂರೋಪಿನ ಹಳ್ಳಿಗರು ಹೇಳುತ್ತಾರೆ. ಶುಭಸಂದೇಶದಲ್ಲಿ ಇದಿಲ್ಲ. ಭಕ್ತರ ಬಾಯಲ್ಲಿದೆ. ನೆನಪಿನ ಗಿಡವೆಂಬ ಖ್ಯಾತಿಯೂ ಇದಕ್ಕುಂಟು. ಇಂಗ್ಲೆಂಡಿನಲ್ಲಿ ಮದುವೆಗೂ ಇದರ ಕಡ್ಡಿ ಬೇಕಾಗಿತ್ತು, ಶವಸಂಸ್ಕಾರಕ್ಕೂ ಬೇಕಾಗಿತ್ತು. ಷೇಕ್ಸ್‌ಪಿಯರನ ‘ಹ್ಯಾಮ್ಲೆಟ್’ ನಾಟಕದಲ್ಲಿ ಒಫೀಲಿಯ ಇದನ್ನು ಹಂಚುವುದು ಆ ಅರ್ಥದಲ್ಲಿಯೇ.

ಇನ್ನು ಹೆಣ್ಣುಮಕ್ಕಳ ಹೆಸರಾಗಿ ಇದು ಬಂದುದು ಬಹಳ ತಡವಾಗಿ. 19ನೆಯ ಶತಮಾನದ ಕೊನೆಗೆ ಲಿಲ್ಲಿ, ವಯಲೆಟ್, ಡೇಸಿ ಎಂದು ಹೂವಿನ ಹೆಸರಿಡುವ ಚಾಳಿ ಇಂಗ್ಲಿಷರಲ್ಲಿ ಬೆಳೆದಾಗ ರೋಸ್‌ಮೇರಿಯೂ ಅದರೊಡನೆ ಬಂತು. 20ನೆಯ ಶತಮಾನದ ಮೊದಲರ್ಧದಲ್ಲಿ ಎಲ್ಲೆಡೆ ಹರಡಿತು. ಇಲ್ಲಿ ನಾನು ಅಂದು ಮಾಡಿದ ಮೊದಲ ತಪ್ಪು ಕಾಣುತ್ತದೆ. ಗಿಡದ ಹೆಸರಿನ ಮೂಲ ಬೇರೆ, ಮಗುವಿನ ಹೆಸರಿನ ಮೂಲ ಬೇರೆ. ನಮ್ಮ ತಂದೆತಾಯಿಗಳು ಆ ಸೊಪ್ಪನ್ನು ಕಣ್ಣಿನಿಂದ ಕಂಡವರಲ್ಲ, ಮೂಗಿನಿಂದ ಮೂಸಿದವರೂ ಅಲ್ಲ. ರೋಸ್ ಒಂದು, ಮೇರಿ ಒಂದು, ಎರಡನ್ನೂ ಕೂಡಿಸಿಯೇ ಅವರು ಮಗಳಿಗೆ ಇಟ್ಟರು. ಗುರುಗಳು ದಾಖಲೆಯಲ್ಲಿ ‘ರೋಸಾ ಮರಿಯಾ’ ಎಂದು ಬಿಡಿಸಿ ಬರೆದದ್ದೇ ಇದಕ್ಕೆ ಸಾಕ್ಷಿ. ಗಿಡದ ಹೆಸರಾಗಿದ್ದರೆ ಲತೀನ್ ಬಲ್ಲ ಆ ಗುರುಗಳು ಹಾಗೆ ಬರೆಯುತ್ತಿರಲಿಲ್ಲ. ಅಕ್ಕ ಹೇಳಿದ ಅರ್ಥ ಆಕೆಯ ಹೆಸರಿಗೆ ಸರಿಯಾದ ಅರ್ಥವೇ ಆಗಿತ್ತು.

ಹಾಗಾದರೆ ಆ ಎರಡು ಭಾಗಗಳಾದರೂ ನೆಟ್ಟಗಿವೆಯೇ ಎಂದು ನೋಡಿದರೆ, ಅಲ್ಲಿಯೂ ಇದೇ ಬಗೆಯ ಸ್ವಾರಸ್ಯ. ಇಂಗ್ಲಿಷಿನ ‘ರೋಸ್’ ಎಂಬ ಹೆಸರು ಮೊದಲಿಗೆ ಹೂವಿನದಲ್ಲ. ಕೀರ್ತಿ ಎಂಬರ್ಥದ ಪದದಿಂದ ಆರಂಭವಾಗುವ ಒಂದು ಪ್ರಾಚೀನ ಜರ್ಮಾನಿಕ್ ಹೆಸರು ನಾರ್ಮನರೊಡನೆ, ಅಂದರೆ 1066ರ ಅನಂತರ, ಇಂಗ್ಲೆಂಡಿಗೆ ಬಂದು ಸವೆದು ಸವೆದು ‘ರೋಸ್’ ಎಂದಾಯಿತು. ಹೂವಿನ ನೆನಪು ಆಮೇಲೆ ಅಂಟಿಕೊಂಡಿತು.

‘ಮೇರಿ’ಯ ಕಥೆ ಇನ್ನೂ ದೊಡ್ಡದು. ಹೀಬ್ರೂವಿನ ಮಿರ್ಯಾಮ್ ಎಂಬುದೇ ಗ್ರೀಕ್, ಲತೀನ್‌ಗಳಲ್ಲಿ ಮರಿಯಾ ಆದದ್ದು. ಕೆಂಪು ಸಮುದ್ರವನ್ನು ದಾಟಿದ ಮೇಲೆ ದಮ್ಮಡಿ ಹಿಡಿದು ಹಾಡಿದ ಮೋಶೆಯ ಅಕ್ಕನ ಹೆಸರೂ ಅದೇ. ಅರ್ಥದ ವಿಷಯದಲ್ಲಿ ಪಂಡಿತರಿಗೆ ಒಮ್ಮತವಿಲ್ಲ. ಕಹಿ ಎನ್ನುವವರುಂಟು, ಪ್ರಿಯಳಾದವಳು ಎಂಬ ಈಜಿಪ್ಟಿನ ಪದವೆನ್ನುವವರೂ ಉಂಟು. ಸಂತ ಜೆರೋಮರು 390ರ ಸುಮಾರಿಗೆ ಹೀಬ್ರೂ ಹೆಸರುಗಳ ಅರ್ಥವನ್ನು ಸಂಗ್ರಹಿಸಿದಾಗ ‘ಮಾರ್’ ಎಂದರೆ ಹನಿ, ‘ಯಾಮ್’ ಎಂದರೆ ಕಡಲು ಎಂದು ಬಿಡಿಸಿ, ಲತೀನಿನಲ್ಲಿ ‘ಸ್ತಿಲ್ಲಾ ಮಾರಿಸ್’, ಕಡಲ ಹನಿ ಎಂದು ಬರೆದರೆಂಬುದು ವಿದ್ವಾಂಸರ ಅಭಿಪ್ರಾಯ. ನಕಲು ಮಾಡುವವರ ಕೈಯಲ್ಲಿ ಒಂದೇ ಒಂದು ಅಕ್ಷರ ಬದಲಾಯಿತು. ‘ಸ್ತಿಲ್ಲಾ’ ಹೋಗಿ ‘ಸ್ತೆಲ್ಲಾ’ ಆಯಿತು. ಸ್ತೆಲ್ಲಾ ಎಂದರೆ ನಕ್ಷತ್ರ. ಕಡಲ ಹನಿಯಾಗಿದ್ದವಳು ಕಡಲ ನಕ್ಷತ್ರವಾದಳು. ಆ ಬಿರುದಿನಿಂದಲೇ ಶತಮಾನಗಳ ಕಾಲ ನಾವಿಕರು ಆಕೆಯನ್ನು ಕೂಗಿದರು. 12ನೆಯ ಶತಮಾನದಲ್ಲಿ ಸಂತ ಬೆರ್ನಾರ್ಡರು ಅದರ ಮೇಲೆ ಪ್ರಸಿದ್ಧವಾದ ಪ್ರವಚನ ಮಾಡಿದರು. ನಮ್ಮ ದೇಶದ ಎಷ್ಟೋ ಶಾಲೆಗಳ ಫಲಕದ ಮೇಲೆ ಇಂದಿಗೂ ‘ಸ್ಟೆಲ್ಲಾ ಮಾರಿಸ್’ ಎಂದು ಇದೆ.

ಇಲ್ಲಿ ಸ್ವಲ್ಪ ನಿಲ್ಲೋಣ. ಗಿಡದ ಹೆಸರು ಕಡಲ ಇಬ್ಬನಿ. ಜೆರೋಮರು ಮಾತೆಯ ಹೆಸರಿಗೆ ಹೇಳಿದ ಅರ್ಥ ಕಡಲ ಹನಿ. ಒಂದಕ್ಕೊಂದು ಸಂಬಂಧವೇ ಇಲ್ಲದ ಎರಡು ದಾರಿಗಳು ಒಂದೇ ಕಡಲ ತೀರಕ್ಕೆ ಬಂದು ಸೇರಿವೆ. “ಮಾತೆಯೂ ಅಲ್ಲ” ಎಂದು ನಾನು ಹೇಳಿದೆನಲ್ಲ, ಆ ಮಾತಿನ ಹುರುಳು ಇಷ್ಟೇ.

ಅಲ್ಲದೆ ಇಬ್ಬನಿಯೆಂದರೆ ಬರಿಯ ಇಬ್ಬನಿಯೇ? ಗಿದ್ಯೋನನ ಕಣದಲ್ಲಿ ಸುತ್ತಣ ನೆಲವೆಲ್ಲ ಒಣಗಿದ್ದಾಗ ಉಣ್ಣೆಯ ಮೇಲೆ ಮಾತ್ರ ಬಿದ್ದ ಇಬ್ಬನಿಯಲ್ಲಿ ಧರ್ಮಸಭೆಯ ಪ್ರಾಚೀನ ಪಿತೃಗಳು ದೇವಮಾತೆಯ ಗರ್ಭದ ಸಂಕೇತವನ್ನು ಕಂಡರು. ಯೆಶಾಯ ಪ್ರವಾದಿಯ 45ನೆಯ ಅಧ್ಯಾಯದಲ್ಲಿ ಆಕಾಶವು ನೀತಿಯನ್ನು ಸುರಿಸಲೆಂಬ ಬೇಡಿಕೆ ಬರುತ್ತದೆ. ಲತೀನಿನಲ್ಲಿ ಅದರ ಮೊದಲ ಪದ ‘ರೊರಾತೆ’, ಇಬ್ಬನಿ ಸುರಿಸಿರಿ ಎಂದು. ‘ರೋಸ್’ ಎಂಬ ನಾಮಪದದಿಂದಲೇ ಹುಟ್ಟಿದ ಕ್ರಿಯಾಪದ ಅದು. ಜರ್ಮನಿ, ಆಸ್ಟ್ರಿಯಾ, ಪೋಲೆಂಡ್ ದೇಶಗಳಲ್ಲಿ ಆಗಮನ ಕಾಲದಲ್ಲಿ ಬೆಳಕು ಹರಿಯುವ ಮುಂಚೆ, ಮೇಣದ ಬತ್ತಿಗಳ ಬೆಳಕಿನಲ್ಲಿ, ಮಾತೆಯ ಗೌರವಾರ್ಥ ಅರ್ಪಿಸುವ ಬಲಿಪೂಜೆಗೆ ರೊರಾತೆ ಪೂಜೆಯೆಂದೇ ಹೆಸರು. ಇನ್ನೂ ಹತ್ತಿರದ ಉದಾಹರಣೆ ಬೇಕೆಂದರೆ, ಎರಡನೆಯ ಪರಮಪ್ರಸಾದ ಪ್ರಾರ್ಥನೆಯ ಲತೀನ್ ಮೂಲದಲ್ಲಿ ಕಾಣಿಕೆಗಳನ್ನು ಪವಿತ್ರಗೊಳಿಸುವ ಪವಿತ್ರಾತ್ಮರನ್ನು ಕುರಿತು ‘ರೋಸ್’ ಎಂಬ ಇದೇ ಪದವಿದೆ. ಹಳೆಯ ಇಂಗ್ಲಿಷ್ ಅನುವಾದದಲ್ಲಿ ಬಿಟ್ಟುಹೋಗಿದ್ದ ಆ ಇಬ್ಬನಿ 2011ರ ಅನುವಾದದಲ್ಲಿ ಮರಳಿ ಬಂತು. ನಾನು ‘ಅಡಿಗೆ ಸೊಪ್ಪು’ ಎಂದು ತಳ್ಳಿಹಾಕಿದ ಪದ ಬಲಿಪೀಠದ ಮೇಲೆಯೇ ಇತ್ತು!

ರೋಸ್‌ಮೇರಿ ಎಂಬ ಹೆಸರಿಗೆ ಸಂತರು ಯಾರು, ನಾಮಹಬ್ಬ ಎಂದು ಎಂದು ಕೇಳುವವರುಂಟು. ಅವರಿಗೆ ನಾನು ದಕ್ಷಿಣ ಅಮೆರಿಕದ ಪೆರು ದೇಶದ ಕಡೆ ಕೈತೋರಿಸುತ್ತೇನೆ. 1586ರಲ್ಲಿ ಲೀಮಾ ನಗರದಲ್ಲಿ ಹುಟ್ಟಿದ ಒಂದು ಹೆಣ್ಣುಮಗುವಿಗೆ ಅಜ್ಜಿಯ ಹೆಸರಾದ ಇಸಬೆಲ್ ಎಂದೇ ಜ್ಞಾನಸ್ನಾನವಾಯಿತು. ತೊಟ್ಟಿಲಲ್ಲಿ ಮಗುವಿನ ಮುಖ ಗುಲಾಬಿಯಂತೆ ಕಂಡಿತೆಂದು ತಾಯಿ ರೋಸಾ ಎಂದು ಕರೆಯತೊಡಗಿದಳು. ತನ್ನ ಹೆಸರನ್ನು ಬಿಟ್ಟರೆಂದು ಅಜ್ಜಿಗೆ ಕೋಪ ಬಂದು, ಮನೆಯಲ್ಲಿ ಯಾವ ಹೆಸರಿಗೆ ಓಗೊಟ್ಟರೂ ಒಬ್ಬರಿಂದ ಬೈಗಳು ತಪ್ಪುತ್ತಿರಲಿಲ್ಲವೆಂದು ಚರಿತ್ರಕಾರರು ಬರೆದಿದ್ದಾರೆ. (ಈ ಸಭೆಯಲ್ಲಿ ಕೆಲವರು ನಗುವುದನ್ನು ನೋಡಿದರೆ ಲೀಮಾ ನಮಗೆ ಅಷ್ಟು ದೂರವಿಲ್ಲವೆಂದು ತೋರುತ್ತದೆ.) 1597ರಲ್ಲಿ ಮಹಾಧರ್ಮಾಧ್ಯಕ್ಷ ತೊರಿಬಿಯೊ ಅವರು ದೃಢೀಕರಣ ಸಂಸ್ಕಾರದಲ್ಲಿ ಆಕೆಗೆ ರೋಸಾ ಎಂದೇ ಹೆಸರಿಟ್ಟು ಜಗಳವನ್ನು ಮುಗಿಸಿದರು. ಆದರೆ ಹುಡುಗಿಗೇ ಸಂಕಟ. ಸೌಂದರ್ಯವನ್ನು ಹೊಗಳುವ ಈ ಹೆಸರು ತನಗೇಕೆ ಎಂದು. ಜಪಸರ ಮಾತೆಯ ಪೀಠದ ಮುಂದೆ ಪ್ರಾರ್ಥಿಸುವಾಗ ಆಕೆಗೆ ಸಮಾಧಾನ ದೊರಕಿತೆಂದೂ ಅಂದಿನಿಂದ ತನ್ನನ್ನು ‘ರೋಸಾ ದೆ ಸಾಂತಾ ಮರಿಯಾ’, ಸಂತ ಮರಿಯಳ ರೋಸಾ ಎಂದು ಕರೆದುಕೊಂಡಳೆಂದೂ ಹೇಳುತ್ತಾರೆ. ಹೂ ಬೆಳೆದು, ಕಸೂತಿ ಹಾಕಿ ಬಡ ತಂದೆತಾಯಿಗಳಿಗೆ ನೆರವಾದ ಈಕೆ 1617ರಲ್ಲಿ 31ನೆಯ ವಯಸ್ಸಿನಲ್ಲಿ ತೀರಿಕೊಂಡು, 1671ರಲ್ಲಿ ಅಮೆರಿಕ ಖಂಡಗಳ ಮೊದಲ ಸಂತಳಾದಳು. ಹಬ್ಬ ಆಗಸ್ಟ್ 23. “ಮಾತೆಗೆ ಇಟ್ಟ ಹೂವು” ಎಂದು ಅಕ್ಕ ಹೇಳಿದ್ದು ಬಹುಮಟ್ಟಿಗೆ ಈ ಸಂತಳ ಹೆಸರೇ.

ಈಚೆಗೆ ಇಂಥ ಹೆಸರುಗಳು ಹಳೆಯವಾದುವೆಂದು ತರುಣರು ಹೇಳುತ್ತಾರೆ. ಹೊಸ ಹೆಸರುಗಳು ಕ್ರೈಸ್ತವಲ್ಲವೆಂದು ಹಿರಿಯರು ಗೊಣಗುತ್ತಾರೆ. 1917ರ ಧರ್ಮಸಭಾ ಕಾನೂನಿನಂತೆ ತಂದೆತಾಯಿಗಳು ಕ್ರೈಸ್ತ ಹೆಸರನ್ನು ಒಪ್ಪದಿದ್ದರೆ ಗುರುಗಳೇ ಒಬ್ಬ ಸಂತರ ಹೆಸರನ್ನು ಸೇರಿಸಿ ಎರಡನ್ನೂ ದಾಖಲೆಯಲ್ಲಿ ಬರೆಯಬೇಕಾಗಿತ್ತು. 1983ರ ಕಾನೂನು ಕೇಳುವುದು ಅಷ್ಟಲ್ಲ. ಕ್ರೈಸ್ತ ಭಾವನೆಗೆ ಹೊರತಾದ ಹೆಸರನ್ನು ಇಡದಂತೆ ತಂದೆತಾಯಿಗಳೂ ಜ್ಞಾನತಂದೆತಾಯಿಗಳೂ ಗುರುಗಳೂ ನೋಡಿಕೊಳ್ಳಬೇಕೆಂದು ಮಾತ್ರ ಅದು ಹೇಳುತ್ತದೆ. ಈ ಕಾನೂನಿನ ಮಾತನ್ನು ತೆಗೆದುದಕ್ಕೂ ಕಾರಣವಿದೆ.

ಅಂದು ನೋಟುಪುಸ್ತಕದಲ್ಲಿ ಅಜ್ಜಿಯ ಮಾತನ್ನು ಅಳಿಸಿದ ಆ ಹುಡುಗಿ ಬೆಳೆದು ದೊಡ್ಡವಳಾಗಿ, ಮದುವೆಯಾಗಿ, ಒಂದು ಹೆಣ್ಣುಮಗುವಿನ ತಾಯಿಯಾದಳು. ಜ್ಞಾನಸ್ನಾನಕ್ಕೆ ಮುಂಚೆ ನನಗೆ ಫೋನು ಮಾಡಿ, “ತಾತ, ಮಗುವಿಗೆ ಇಬ್ಬನಿ ಅಂತ ಹೆಸರಿಡಬೇಕು ಅಂತಿದ್ದೀನಿ. ಮನೆಯವರು ಇದು ನಮ್ಮವರ ಹೆಸರಲ್ಲ ಅಂತಾರೆ. ನೀವೇ ಹೇಳಿ” ಎಂದಳು. ಅಂದು ನಾನು ಎಸೆದ ಮಾತು ಇಷ್ಟು ವರ್ಷ ಆ ಮಗುವಿನ ಮನಸ್ಸಿನಲ್ಲಿ ಉಳಿದಿತ್ತೆಂದು ನನಗೆ ಗೊತ್ತಿರಲಿಲ್ಲ. ಈಗ ತಮಗೆ ಹೇಳಿದ್ದನ್ನೆಲ್ಲ ಆಕೆಗೂ ಹೇಳಿದೆ. ಗಿದ್ಯೋನನ ಉಣ್ಣೆ, ರೊರಾತೆ ಪೂಜೆ, ಲೀಮಾದ ಅಜ್ಜಿಯ ಕೋಪ, ಎಲ್ಲವನ್ನೂ. ಅಜ್ಜಿ ಹೇಳಿದ ಅರ್ಥವೇ ಸರಿಯಾಗಿತ್ತು, ತಿದ್ದಿದವನು ತಪ್ಪಿದ್ದ ಎಂಬುದನ್ನು ಎರಡು ಸಲ ಹೇಳಿದೆ. ಬಹಳ ಹೊತ್ತು ಆಕೆ ಮಾತಾಡಲಿಲ್ಲ.

ದಾಖಲೆ ಪುಸ್ತಕದಲ್ಲಿ ಗುರುಗಳು ‘ಇಬ್ಬನಿ ರೋಸ್‌ಮೇರಿ’ ಎಂದು ಕನ್ನಡದಲ್ಲಿ ಬರೆದರು. ಮನೆಯಲ್ಲಿ ಮಾತ್ರ ಎಲ್ಲರೂ ಅದನ್ನು ರೋಸಮ್ಮ ಎಂದೇ ಕೂಗುತ್ತಾರೆ, ಅದು ತಿರುಗಿ ನೋಡುತ್ತದೆ.