25 ಡಾಲರ್‌ಗೆ ಮಾರಿದ ‘ಕ್ಯಾರವಾನ್’



2014ರ ‘ವಿಪ್‌ಲ್ಯಾಶ್’ ಸಿನಿಮಾ ನೋಡಿದ್ದೀರಾ? ಕೊನೆಯಲ್ಲಿ ಆ ಹುಡುಗ ಮೈಮರೆತು ಡ್ರಮ್ಸ್ ಬಾರಿಸ್ತಾನಲ್ಲ, ಆ ಟ್ಯೂನ್ ಹೆಸರು ‘ಕ್ಯಾರವಾನ್’. ಇವತ್ತು ಅದರ ಕಥೆ. ನಾನು ಬಿಕಾಂ ಓದಿದವನು. ಹಾಗಾಗಿ ಈ ಕಥೆಯಲ್ಲಿ ನನ್ನ ಕಣ್ಣಿಗೆ ಮೊದಲು ಬಿದ್ದಿದ್ದೇ ಲೆಕ್ಕ.

ಹೆಸರು ಕೇಳಿದರೆ ಮರಳುಗಾಡು, ಒಂಟೆಗಳ ಸಾಲು ನೆನಪಾಗುತ್ತೆ. ಆದರೆ ಈ ಟ್ಯೂನ್ ಕಟ್ಟಿದ ಹ್ವಾನ್ ಟಿಸೋಲ್ ಹುಟ್ಟಿದ್ದು ಕೆರಿಬಿಯನ್ ಸಮುದ್ರದ ಪೋರ್ಟೊ ರಿಕೊ ದ್ವೀಪದಲ್ಲಿ, 1900ರಲ್ಲಿ. 1920ರಲ್ಲಿ ವಾಷಿಂಗ್ಟನ್‌ಗೆ ಬಂದರು. 1929ರಲ್ಲಿ ಡ್ಯೂಕ್ ಎಲಿಂಗ್ಟನ್ ಅವರ ಬ್ಯಾಂಡ್ ಸೇರಿ ಟ್ರಾಂಬೋನ್ ಊದುತ್ತಿದ್ದರು. ಬ್ಯಾಂಡ್‌ನ ಬೇರೆಯವರು ನುಡಿಸಬೇಕಾದ ಸಂಗೀತವನ್ನು ನೀಟಾಗಿ ನಕಲು ಮಾಡಿಕೊಡುವ ಕೆಲಸವೂ ಅವರದ್ದೇ.

ಟ್ಯೂನ್‌ನಲ್ಲಿ ಏನಿದೆ ವಿಶೇಷ? ಮೊದಲ 12 ಬಾರ್‌ಗಳವರೆಗೆ ಒಂದೇ ಕಾರ್ಡ್. ಅದರ ಮೇಲೆ ಸ್ವರಗಳು ಹಾವಿನ ಹಾಗೆ ಹರಿದು ಕೆಳಗಿಳಿಯುತ್ತವೆ. 13ನೇ ಬಾರ್‌ಗೆ ಬಂದಾಗ ಅಬ್ಬಾ, ಮನೆ ಸೇರಿದೆವು ಅನ್ನಿಸುತ್ತೆ. ಸಾಮಾನ್ಯವಾಗಿ ಈ ಭಾಗಕ್ಕೆ ಲ್ಯಾಟಿನ್ ತಾಳ ಹಾಕ್ತಾರೆ. ನಡುವಿನ ಭಾಗ ಬಂದ ಕೂಡಲೇ ಜಾಜ್‌ನ ಸ್ವಿಂಗ್‌ಗೆ ಹೊರಳ್ತಾರೆ.

ಮೊದಲ ರೆಕಾರ್ಡಿಂಗ್ ಆಗಿದ್ದು 1936ರ ಡಿಸೆಂಬರ್‌ನಲ್ಲಿ, ಹಾಲಿವುಡ್‌ನಲ್ಲಿ. ಟಿಸೋಲ್, ಎಲಿಂಗ್ಟನ್ ಇಬ್ಬರೂ ನುಡಿಸಿದ್ದರು. ಆದರೆ ರೆಕಾರ್ಡ್ ಹೊರಬಂದಿದ್ದು ಕ್ಲಾರಿನೆಟ್ ವಾದಕ ಬಾರ್ನಿ ಬಿಗಾರ್ಡ್ ತಂಡದ ಹೆಸರಲ್ಲಿ. 1937ರಲ್ಲಿ ಎಲಿಂಗ್ಟನ್ ಅವರ ಪೂರ್ತಿ ಬ್ಯಾಂಡ್ ಅದನ್ನೇ ರೆಕಾರ್ಡ್ ಮಾಡಿತು.

ಈಗ ಲೆಕ್ಕಕ್ಕೆ ಬರೋಣ. ಎಲಿಂಗ್ಟನ್ ಅವರ ಮ್ಯಾನೇಜರ್ ಹಾಗೂ ಪ್ರಕಾಶಕ ಅರ್ವಿಂಗ್ ಮಿಲ್ಸ್. ಟಿಸೋಲ್ ಅವರೇ ಮುಂದೆ ಹೇಳಿಕೊಂಡ ಪ್ರಕಾರ, ಟ್ಯೂನ್‌ನ ಹಕ್ಕನ್ನು ಅವರು ಮಿಲ್ಸ್‌ಗೆ ಮಾರಿದ್ದು 25 ಡಾಲರ್‌ಗೆ. ಅಷ್ಟೇ. ಇದು ತೆಂಗಿನಕಾಯಿ ಮಾರಿದ ಹಾಗಲ್ಲ, ಮರವನ್ನೇ ಮಾರಿದ ಹಾಗೆ. ಮುಂದೆ ಎಷ್ಟು ವರ್ಷ ಕಾಯಿ ಬಿಟ್ಟರೂ ನಿಮಗೆ ಒಂದೂ ಇಲ್ಲ.

ಮರ ಚೆನ್ನಾಗೇ ಕಾಯಿ ಬಿಡ್ತು. ಟ್ಯೂನ್ ಹಿಟ್ ಆಯ್ತು. ಸಾಹಿತ್ಯಕ್ಕೆ ಮಿಲ್ಸ್ ಹೆಸರು, ಸಂಗೀತಕ್ಕೆ ಟಿಸೋಲ್ ಜೊತೆ ಎಲಿಂಗ್ಟನ್ ಹೆಸರು. ಎಷ್ಟೋ ಬ್ಯಾಂಡ್‌ಗಳು ಇದನ್ನು ಮಾತಿಲ್ಲದೆ ಬರೀ ವಾದ್ಯದಲ್ಲೇ ನುಡಿಸುತ್ತವೆ ಅನ್ನೋದು ಬೇರೆ ಮಾತು. ಆಗ ಟಿಸೋಲ್ ಏನು ಮಾಡಿದರು ಗೊತ್ತಾ? ಮಿಲ್ಸ್ ಹತ್ತಿರ ಹೋಗಿ ನೇರವಾಗಿ ಕೇಳಿದರು. ಮಿಲ್ಸ್ ರಾಯಲ್ಟಿಯಲ್ಲಿ ಒಂದು ಪಾಲು ಕೊಟ್ಟರು. ಬಾಯಿ ಬಿಟ್ಟು ಕೇಳಿದ್ದಕ್ಕೆ ಸಿಕ್ಕಿದ್ದು ಅದು.

ಇದನ್ನು ಓದುವಾಗ ನನಗೆ ಟಿಸೋಲ್‌ಗಿಂತ ಹೆಚ್ಚು ಕಾಡಿದ್ದು ಮಿಲ್ಸ್. ಯಾಕೆಂದರೆ ಈ ಪಾಡ್‌ಕಾಸ್ಟ್ ಶುರುವಾಗುವಾಗ ಒಂದು ಟ್ಯೂನ್ ಕೇಳ್ತೀರಲ್ಲ, ಅದನ್ನು ಮಾಡಿಕೊಟ್ಟಿದ್ದು ನನ್ನ ಕಾಲೇಜು ಗೆಳೆಯ. ಎರಡು ಸಾವಿರ ಕೊಟ್ಟಿದ್ದೆ. ಕಾಗದ ಇಲ್ಲ, ಪತ್ರ ಇಲ್ಲ, ಎಲ್ಲೂ ಅವನ ಹೆಸರಿಲ್ಲ. ಆಮೇಲೆ ನನಗೆ ಜಾಹೀರಾತು ಬರೋಕೆ ಶುರುವಾಯ್ತು. ಅವನು ಕೇಳಲಿಲ್ಲ, ನಾನೂ ಸುಮ್ಮನಿದ್ದೆ.

ಕಳೆದ ವಾರ ಒಂದು ಪುಟದ ಒಪ್ಪಂದ ಬರೆದು ವಾಟ್ಸಾಪ್ ಮಾಡಿದೆ. ಟ್ಯೂನ್ ಅವನದ್ದೇ, ನಾನು ಬಳಸ್ತೀನಿ, ಜಾಹೀರಾತಿನ ದುಡ್ಡಲ್ಲಿ ಅವನಿಗೆ ಇಷ್ಟು ಪಾಲು ಅಂತ. ಅವನ ಉತ್ತರ ಒಂದೇ ಸಾಲು: “ಕೇಳಬೇಕು ಅಂದ್ಕೋತಿದ್ದೆ ಕಣೋ, ಸಂಕೋಚ ಆಗ್ತಿತ್ತು.”

ಅವನ ಹೆಸರು ಈಗ ಎಪಿಸೋಡ್‌ನ ಡಿಸ್ಕ್ರಿಪ್ಷನ್‌ನಲ್ಲಿದೆ. ನೀವೂ ಯಾರಿಗಾದರೂ ಟ್ಯೂನ್, ಲೋಗೋ, ಎಡಿಟಿಂಗ್ ಮಾಡಿಕೊಡ್ತಿದ್ದರೆ ಮಾರ್ತಿರೋದು ಕಾಯೋ ಮರವೋ ಅಂತ ಮೊದಲೇ ಕೇಳಿಕೊಳ್ಳಿ. ಮಾಡಿಸಿಕೊಂಡವರು ನೀವಾಗಿದ್ದರೆ, ಅವರು ಬಂದು ಕೇಳೋವರೆಗೂ ಕಾಯಬೇಡಿ.

ಇವತ್ತು ರಾತ್ರಿ 1936ರ ಆ ‘ಕ್ಯಾರವಾನ್’ ಹುಡುಕಿ ಕೇಳಿ. ಅದರ ಟ್ರಾಂಬೋನ್ ಟಿಸೋಲ್ ಅವರದ್ದು. ಮುಂದಿನ ವಾರ ಸಿಗೋಣ.